ಬೂಟು ಕೇಳಿದ್ದಕ್ಕೆ ಬಂದ ಬೋಟು

ಅಗ್ನಿಶಾಮಕ ಇಲಾಖೆಗೆ ಹೊಸದಾಗಿ ಸೇರಿದವರು ನನ್ನನ್ನು ಮಾತಾಡಿಸಲು ಬಂದರೆ ಮೊದಲು ಕೇಳುವುದು ಬೆಂಕಿಯ ವಿಷಯ. ಎಷ್ಟೆತ್ತರದ ಬೆಂಕಿ ನೋಡಿದ್ದೀರಿ, ಒಳಗೆ ನುಗ್ಗಿದ್ದೀರಾ, ಮೈ ಸುಟ್ಟಿತ್ತಾ ಎಂದೆಲ್ಲ. ಅವರಿಗೆ ನಿರಾಸೆ ಮಾಡಬಾರದೆಂದು ಕಾಫಿ ಸ್ಟೋರ್ ಹತ್ತಿ ಉರಿದ ಒಂದು ಕಥೆ ಹೇಳಿ, ಕಾಫಿ ಕುಡಿಸಿ ಕಳಿಸುತ್ತೇನೆ. ನಿಜ ಹೇಳಬೇಕೆಂದರೆ ಸಕಲೇಶಪುರದ ಕಡೆ ಕೆಲಸ ಮಾಡಿದವನಿಗೆ ಬೆಂಕಿಗಿಂತ ನೀರಿನ ಕಾಟವೇ ಹೆಚ್ಚು. ವರ್ಷದಲ್ಲಿ ಐದು ತಿಂಗಳು ಇಲ್ಲಿ ಬೆಂಕಿಕಡ್ಡಿಯೇ ಹತ್ತುವುದಿಲ್ಲ, ಇನ್ನು ಮನೆ ಎಲ್ಲಿಂದ ಹತ್ತಬೇಕು?

ನನ್ನ ಹೆಸರು ಮಲ್ಲೇಶಪ್ಪ. ಊರು ಆಲೂರಿನ ಹತ್ತಿರ. ಫೈರ್‌ಮನ್ ಆಗಿ ಸೇರಿ ಲೀಡಿಂಗ್ ಫೈರ್‌ಮನ್ ಆಗಿ ನಿವೃತ್ತನಾದೆ. ನಡುವೆ ನಡೆದದ್ದೆಲ್ಲ ಸೇವಾ ಪುಸ್ತಕದಲ್ಲಿದೆ, ಓದಿದರೆ ಒಳ್ಳೆಯ ನಿದ್ದೆ ಬರುತ್ತದೆ. ಠಾಣೆ ಯಾವುದು ಎಂದು ಹೇಳುವುದಿಲ್ಲ. ಹೇಳಿದರೆ ಈಗ ಅಲ್ಲಿರುವವರು ಮನೆತನಕ ಬಂದು ನನ್ನ ಮಾನ ಕಳೆಯುತ್ತಾರೆ. ಬೆಟ್ಟದ ಕಡೆಯ ಒಂದು ಸಣ್ಣ ಠಾಣೆ, ಒಂದು ನೀರಿನ ವಾಹನ, ಒಂದು ಹಳೇ ಜೀಪು, ಹನ್ನೆರಡು ಜನ. ಇಷ್ಟು ಸಾಕು.

ನಮಗೆ ಬರುತ್ತಿದ್ದ ಕರೆಗಳು ಇಂಥವು: ಮಾರನಹಳ್ಳಿ ಹತ್ತಿರ ಲಾರಿ ಮಗುಚಿದೆ, ಹೆತ್ತೂರು ರಸ್ತೆಗೆ ಮರ ಬಿದ್ದಿದೆ, ಬಾವಿಗೆ ಹಸು ಬಿದ್ದಿದೆ. ಒಮ್ಮೆ ಒಂದು ಎಸ್ಟೇಟಿಗೆ ಹೊಸದಾಗಿ ಬಂದಿದ್ದ ಮ್ಯಾನೇಜರು ಫೋನ್ ಮಾಡಿ, ಗುಡ್ಡದ ತುಂಬಾ ಹೊಗೆ ಎದ್ದಿದೆ, ಬೇಗ ಬನ್ನಿ ಎಂದರು. ಸೈರನ್ ಹಾಕಿಕೊಂಡು ಹೋದೆವು. ಹೋಗಿ ನೋಡಿದರೆ ಮಂಜು. ಅಷ್ಟು ದೂರ ಹೋದಮೇಲೆ ಏನಾದರೂ ಆರಿಸದೆ ಬರುವುದು ಹೇಗೆ? ಅವರ ಬಚ್ಚಲೊಲೆಗೆ ಎರಡು ಬಕೆಟ್ ನೀರು ಹಾಕಿ ಬಂದೆವು. ಅದಕ್ಕೂ ಅವರು ಕೈ ಮುಗಿದರು, ಒಳ್ಳೆಯ ಮನುಷ್ಯ.

ಮುಂದಿನದು ನಗುವ ವಿಷಯವಲ್ಲ, ಆದರೆ ಹೇಳದಿದ್ದರೆ ಉಳಿದ ಕಥೆ ನಿಮಗೆ ಅರ್ಥವಾಗುವುದಿಲ್ಲ. ಒಂದು ಮಳೆಗಾಲದಲ್ಲಿ ಹೇಮಾವತಿ ಹೊಳೆಯ ನಡುವಿನ ಬಂಡೆಯ ಮೇಲೆ ಒಬ್ಬ ಸಿಕ್ಕಿಹಾಕಿಕೊಂಡಿದ್ದ. ಮೀನಿಗೆ ಹೋದವನು. ನಾವು ದಡದಲ್ಲಿ ನಿಂತು ಹಗ್ಗ ಎಸೆದೆವು. ನಾಲ್ಕು ಸಲ ಎಸೆದೆವು, ನಾಲ್ಕು ಸಲವೂ ಗಾಳಿ ಹಗ್ಗವನ್ನು ನಮ್ಮ ಕಡೆಗೇ ತಂದು ಹಾಕಿತು. ಐದನೇ ಸಲ ಎಸೆಯುವ ಹೊತ್ತಿಗೆ ಬಂಡೆಯ ಮೇಲೆ ಅವನಿರಲಿಲ್ಲ. ಅವನ ತಮ್ಮ ನನ್ನ ಪಕ್ಕದಲ್ಲೇ ನಿಂತಿದ್ದ, ನನ್ನನ್ನು ಬೈಯಲಿಲ್ಲ. ಬೈದಿದ್ದರೆ ಚೆನ್ನಾಗಿತ್ತು ಎಂದು ಇವತ್ತಿಗೂ ಅನ್ನಿಸುತ್ತದೆ. ಬಹಳ ದಿನ ನನಗೆ ಊಟ ಸೇರಲಿಲ್ಲ. ಆದರೂ ಒಂದು ದೋಣಿ ಕೊಡಿ ಎಂದು ಇಲಾಖೆಯನ್ನು ಕೇಳಬಹುದೆಂದು ನಮಗ್ಯಾರಿಗೂ ಹೊಳೆಯಲಿಲ್ಲ. ಬೆಂಕಿಯವರಿಗೆ ದೋಣಿ ಯಾರು ಕೊಡುತ್ತಾರೆ?

ನಾವು ಕೇಳಿದ್ದು ಬೂಟು. ಹೆತ್ತೂರು ಕಡೆ ಮರ ಕಡಿಯಲು ಹೋದರೆ ಮೊಣಕಾಲುದ್ದ ಕೆಸರು, ಕೆಸರಿನಿಂದ ಎದ್ದ ಕಾಲಿನ ತುಂಬಾ ಇಂಬಳ. ರಕ್ತ ಹೀರಿ ದ್ರಾಕ್ಷಿ ಹಣ್ಣಿನಷ್ಟು ದಪ್ಪಗಾಗಿ ತಾವೇ ಉದುರುವವರೆಗೆ ನಮಗೆ ಗೊತ್ತೇ ಆಗುತ್ತಿರಲಿಲ್ಲ. ಇಲಾಖೆ ಕೊಟ್ಟ ಚರ್ಮದ ಬೂಟಿನೊಳಗೆ ಅವು ಸಂಸಾರ ಹೂಡುತ್ತಿದ್ದವು. ಹಾಗಾಗಿ ಹನ್ನೆರಡು ಜೊತೆ ಗಂಬೂಟು ಬೇಕೆಂದು ಮೇಲಿನ ಕಚೇರಿಗೆ ಬರೆಯುವುದೆಂದಾಯಿತು. ಬರೆಯುವ ಕೆಲಸ ನನ್ನದು.

ಆಗ ನಮ್ಮ ಠಾಣಾಧಿಕಾರಿ ನಂಜುಂಡಪ್ಪ ಸಾಹೇಬರು. ಬಯಲುಸೀಮೆಯವರು, ಸಾಧು, ಆದರೆ ಭಾಷೆಯ ವಿಷಯದಲ್ಲಿ ಭಾರೀ ಶಿಸ್ತು. ನಾನು ‘ಗಂಬೂಟು’ ಎಂದು ಬರೆದುಕೊಂಡು ಹೋದರೆ ಕನ್ನಡಕ ಮೇಲೇರಿಸಿದರು.

“ಗಂ ಅಂದ್ರೆ ಅಂಟು ಕಣ್ರೀ. ಅಂಟಿನ ಬೂಟು ಅಂತ ತಿಳ್ಕೊಂಡು ಏನೋ ಕಳಿಸಿಬಿಟ್ರೆ? ರಬ್ಬರ್ ಬೂಟು ಅಂತ ಬರೀರಿ. ಗೊಂದಲವೇ ಇರಲ್ಲ.”

ಹೊಸ ಹಾಳೆಯಲ್ಲಿ ಬರೆದೆ. ಶಾಲೆಯಲ್ಲಿ ಮೇಷ್ಟ್ರು ನಮ್ಮಿಂದ ಹಾಡಿಸುತ್ತಿದ್ದ ಕಾಗುಣಿತ ನಿಮಗೂ ನೆನಪಿರಬೇಕು. ಬಕಾರಕ್ಕೆ ಕೊಂಬಿನ ಇಳಿ ಹಾಕಿದರೆ ಬೂ, ಓತ್ವನ ದೀರ್ಘ ಹಾಕಿದರೆ ಬೋ. ನನಗೆ ಅವತ್ತು ಏನಾಗಿತ್ತೋ, ಕೊಂಬಿನ ಇಳಿ ಹಾಕಬೇಕಾದ ಕಡೆ ಓತ್ವನ ದೀರ್ಘ ಹಾಕಿದೆ. ‘ಹನ್ನೆರಡು ಜೊತೆ ರಬ್ಬರ್ ಬೋಟು ಒದಗಿಸಬೇಕಾಗಿ ವಿನಂತಿ.’ ಸಾಹೇಬರು ಕನ್ನಡಕ ಕೆಳಗಿಳಿಸಿಕೊಂಡು ಸಹಿ ಹಾಕಿದರು. ಪತ್ರ ಹೋಯಿತು.

ಮೂರು ತಿಂಗಳ ಮೇಲೆ ಉತ್ತರ ಬಂತು. ‘ತಮ್ಮ ಠಾಣೆಯ ವ್ಯಾಪ್ತಿಗೆ ಹನ್ನೆರಡು ಜೊತೆ ಅತಿಯಾಗಿ ಕಂಡುಬಂದಿರುತ್ತದೆ. ಸದ್ಯಕ್ಕೆ ಒಂದನ್ನು ಮಾತ್ರ ಮಂಜೂರು ಮಾಡಲಾಗಿದೆ.’ ಒಂದು ಜೊತೆಯಾ ಅಥವಾ ಒಂದೇ ಕಾಲಿನದಾ ಎಂದು ಠಾಣೆಯಲ್ಲಿ ಒಂದು ವಾರ ಚರ್ಚೆ ನಡೆಯಿತು. ಒಂದೇ ಜೊತೆಯಾದರೆ ಪಾಳಿಯ ಮೇಲೆ ಹಾಕಿಕೊಳ್ಳುವುದು, ಕೆಸರಿಗೆ ಮೊದಲು ಇಳಿಯುವವನಿಗೆ ಕೊಡುವುದು ಎಂದು ತೀರ್ಮಾನವಾಯಿತು.

ಲಾರಿ ಬಂದ ದಿನ ಎಲ್ಲರೂ ಕಾಲು ತೊಳೆದು ಒರೆಸಿಕೊಂಡು ಸಾಲಾಗಿ ನಿಂತೆವು. ನಾಲ್ಕು ಜನ ಸೇರಿ ಒಂದು ದೊಡ್ಡ ಕಿತ್ತಳೆ ಬಣ್ಣದ ಮೂಟೆಯನ್ನು ಕೆಳಗಿಳಿಸಿದರು. ಬಿಚ್ಚಿದರೆ ಮಡಿಸಿಟ್ಟ ರಬ್ಬರಿನ ಬೋಟು, ಗಾಳಿ ತುಂಬಿ ತೇಲಿಸುವಂಥದ್ದು, ಜೊತೆಗೆ ನಾಲ್ಕು ಹುಟ್ಟು. ನಮ್ಮ ಡ್ರೈವರ್ ಖಾದರ್ ಅದರ ಸುತ್ತ ಒಂದು ಸುತ್ತು ಬಂದ. ನನಗಿಂತ ಎರಡು ವರ್ಷ ಚಿಕ್ಕವನು, ಇಪ್ಪತ್ತು ವರ್ಷ ನನ್ನ ಜೊತೆ ಕೆಲಸ ಮಾಡಿದವನು, ಅವನ ನಾಲಿಗೆಗೆ ಬ್ರೇಕಿಲ್ಲ.

“ಮಲ್ಲೇಶಣ್ಣ, ಇದು ಯಾರ್ ಕಾಲಿಗೆ ಆಯ್ತದೆ?”

ನಾನು ಒಳಗೆ ಹೋಗಿ ಪತ್ರದ ನಕಲು ತೆಗೆದು ನೋಡಿದೆ. ಅಲ್ಲಿ ನನ್ನ ದುಂಡು ಅಕ್ಷರದಲ್ಲಿ ಓತ್ವನ ದೀರ್ಘ ರಾಜನ ಹಾಗೆ ಕೂತಿತ್ತು. ನಂಜುಂಡಪ್ಪ ಸಾಹೇಬರಿಗೆ ತೋರಿಸಿದೆ. ಅವರು ಬಹಳ ಹೊತ್ತು ಓದಿದರು, ಆಮೇಲೆ ಸಹಿಯನ್ನು ನೋಡಿದರು. ಸಹಿ ಅವರದ್ದು.

“ಬಾಯಿ ಮುಚ್ಕೊಂಡಿರಿ,” ಎಂದರು. “ನಾವು ಬೋಟೇ ಕೇಳಿದ್ದು.”

ಬಾಗಿಲ ಹೊರಗೆ ನಿಂತಿದ್ದ ಖಾದರ್‌ಗೆ ಎಲ್ಲ ಕೇಳಿಸಿತ್ತು. ಅವತ್ತಿಂದ ಅವನು ಆ ಬೋಟನ್ನು ಬೂಟು ಅಂತಲೇ ಕರೆದ. ‘ಬೂಟು ಒರೆಸಿದ್ಯೇನಣ್ಣ?’ ‘ಬೂಟಿಗೆ ಗಾಳಿ ಕಮ್ಮಿ ಆಗೈತೆ ಕಣಣ್ಣ.’

ಮೊದಲ ಸಲ ಗಾಳಿ ತುಂಬಿದ್ದು ಠಾಣೆಯ ಶೆಡ್ಡಿನೊಳಗೆ, ಹೊರಗೆ ಮಳೆ ಬರುತ್ತಿತ್ತಲ್ಲ. ಕಾಲಿನಲ್ಲಿ ತುಳಿಯುವ ಪಂಪು ಕೊಟ್ಟಿದ್ದರು. ಹನ್ನೆರಡು ಜನ ಸರದಿಯ ಮೇಲೆ ತುಳಿದೆವು. ಬೋಟಿನ ಗಾಳಿ ಒಂದೇ ಚೀಲದಲ್ಲಿರುವುದಿಲ್ಲ, ಮುಂದೊಂದು, ಅಕ್ಕಪಕ್ಕ ಒಂದೊಂದು, ಹೀಗೆ ಮೂರು ಬೇರೆ ಬೇರೆ ಕೊಳವೆ. ಒಂದು ತೂತಾದರೂ ಉಳಿದೆರಡು ತೇಲಿಸುತ್ತವೆ ಎಂದು ಟೈರು, ಟ್ಯೂಬು ಬಲ್ಲ ಖಾದರ್ ವಿವರಿಸಿದ. ಎರಡು ಗಂಟೆ ತುಳಿದ ಮೇಲೆ ಬೋಟು ಮೈತುಂಬಿ ನಿಂತಿತು. ನೋಡಲು ಎರಡು ಕಣ್ಣು ಸಾಲದು. ಸಾಹೇಬರು ತೆಂಗಿನಕಾಯಿ ಒಡೆದು, “ಹೊರಗೆ ತನ್ನಿ” ಎಂದರು. ಎತ್ತಿಕೊಂಡು ಹೊರಟೆವು. ಶೆಡ್ಡಿನ ಬಾಗಿಲು ಬೋಟಿಗಿಂತ ಒಂದು ಮೊಳ ಚಿಕ್ಕದು. ಓರೆ ಮಾಡಿದೆವು, ನೆಟ್ಟಗೆ ನಿಲ್ಲಿಸಿದೆವು, ಹಿಂದುಮುಂದು ಮಾಡಿದೆವು. ಕೊನೆಗೆ ತುಂಬಿದ ಗಾಳಿಯನ್ನೆಲ್ಲ ಬಿಟ್ಟು, ಹೊರಗೆ ತಂದು, ಮಳೆಯಲ್ಲಿ ನೆನೆಯುತ್ತಾ ಮತ್ತೆ ಎರಡು ಗಂಟೆ ತುಳಿದೆವು. ಅವತ್ತು ರಾಜ್ಯದಲ್ಲೇ ಅತ್ಯಂತ ಗಟ್ಟಿಮುಟ್ಟಾದ ಬಲಗಾಲುಗಳು ನಮ್ಮ ಠಾಣೆಯಲ್ಲಿದ್ದವು.

ನೀರಿಗಿಳಿಸಿದ್ದು ಹೇಮಾವತಿಯಲ್ಲಿ, ನೀರು ತಗ್ಗಿದ ಮೇಲೆ. ಸೇತುವೆಯ ಮೇಲೆ ಜನ ಸೇರಿದರು. ಎಡಗಡೆ ಕೂತವರು ಮುಂದಕ್ಕೆ, ಬಲಗಡೆ ಕೂತವರು ಹಿಂದಕ್ಕೆ ಹುಟ್ಟು ಹಾಕಿದೆವು, ಬೋಟು ಇದ್ದಲ್ಲೇ ಗಿರಗಿರನೆ ಸುತ್ತಿತು. ಕೈ ಬದಲಿಸಿದೆವು, ಇನ್ನೊಂದು ಕಡೆಗೆ ಸುತ್ತಿತು. ಮೇಲಿಂದ ಯಾರೋ, “ಸಾರ್, ಬೆಣ್ಣೆ ಬಂತಾ?” ಎಂದು ಕೂಗಿದರು. ಸಂಜೆಯ ಹೊತ್ತಿಗೆ ತಾಲ್ಲೂಕಿನ ಎಲ್ಲಾ ಫೋನುಗಳಲ್ಲೂ ನಾವು ಸುತ್ತುತ್ತಿದ್ದೆವು. ನನ್ನ ಹೆಂಡತಿಗೆ ಅದು ಐದು ಕಡೆಯಿಂದ ಬಂತು.

ಗಣಪತಿ ಬಿಡುವ ದಿನ ಇನ್ನೊಂದು. ಗಣಪತಿಯನ್ನು ಬೋಟಿನಲ್ಲಿ ಕೂರಿಸಿಕೊಂಡು ಕೆರೆಯ ನಡುವೆ ಬಿಡಬೇಕೆಂದು ಬೀದಿಯವರು ಕೇಳಿಕೊಂಡರು. ನಾನು ಎದ್ದು ನಿಂತು, ಭಕ್ತಿಯಿಂದ ಮೂರ್ತಿಯನ್ನು ತಳ್ಳಿದೆ. ಬೋಟಿನಲ್ಲಿ ನಿಂತು ಒಂದು ಕಡೆ ತಳ್ಳಿದರೆ ನಾವು ಇನ್ನೊಂದು ಕಡೆ ಹೋಗುತ್ತೇವೆಂದು ನನಗೆ ಯಾರೂ ಹೇಳಿರಲಿಲ್ಲ. ದಡದಿಂದ ನೋಡಿದವರು ಹೇಳಿದ ಪ್ರಕಾರ ಗಣಪತಿ ಕೂತಲ್ಲೇ ಕೂತಿದ್ದ, ವಿಸರ್ಜನೆಯಾದದ್ದು ಲೀಡಿಂಗ್ ಫೈರ್‌ಮನ್. ನನಗೆ ಈಜು ಬರುವುದಿಲ್ಲ ಎನ್ನುವುದು ಇಲಾಖೆಗೆ ಗೊತ್ತಾದದ್ದೂ ಅವತ್ತೇ. ಖಾದರ್ ಯಾರದೋ ಪಂಚೆ ಎಸೆದು, ಅದರ ತುದಿ ಹಿಡಿಸಿ ನನ್ನನ್ನು ಎಳೆದುಕೊಂಡ.

ಇಷ್ಟೆಲ್ಲ ಆದಮೇಲೆ ಬೋಟು ಶೆಡ್ಡು ಸೇರಿತು. ಅರ್ಧ ಗಾಳಿ ತುಂಬಿಟ್ಟರೆ ಅದರಷ್ಟು ಒಳ್ಳೆಯ ಹಾಸಿಗೆ ಇನ್ನೊಂದಿಲ್ಲ ಎಂದು ಯಾರು ಮೊದಲು ಕಂಡುಹಿಡಿದರೋ ಗೊತ್ತಿಲ್ಲ. ಇಲಾಖೆ ನಮಗೆ ಕೊಟ್ಟ ಮೊದಲ ಮೆತ್ತನೆಯ ವಸ್ತು ಅದು. ಮಧ್ಯಾಹ್ನ ಊಟವಾದ ಮೇಲೆ ಮೂರು ಮೂರು ಜನರಂತೆ ಮಲಗುತ್ತಿದ್ದೆವು. ಒಂದು ದಿನ ಹೀಗೆ ನಾನು, ಫೈರ್‌ಮನ್ ಗಿರೀಶ, ಖಾದರ್ ಮಲಗಿದ್ದಾಗ ಯಾರೋ ಹುಟ್ಟಿನಿಂದ ನನ್ನ ಭುಜ ತಿವಿದರು. ಕಣ್ಣು ಬಿಟ್ಟರೆ ಹಾಸನದಿಂದ ಬಂದ ಜಿಲ್ಲಾ ಅಧಿಕಾರಿಗಳು. ಹಿಂದೆ ನಂಜುಂಡಪ್ಪ ಸಾಹೇಬರು ಕಣ್ಣು ಮುಚ್ಚಿಕೊಂಡು ನಿಂತಿದ್ದರು.

“ಏನ್ರೀ ಇದು?”

ಎದ್ದು ಸೆಲ್ಯೂಟ್ ಹೊಡೆಯಲು ಹೋದೆ, ಕಾಲು ಹೂತು ಮತ್ತೆ ಕೂತೆ. “ತೇಲೋ ಅಭ್ಯಾಸ ಸರ್,” ಎಂದುಬಿಟ್ಟ ಗಿರೀಶ. ಠಾಣೆಯಲ್ಲಿ ಚೆನ್ನಾಗಿ ಈಜಲು ಬರುತ್ತಿದ್ದವನು ಅವನೊಬ್ಬನೇ, ಮಾತು ಮಾತ್ರ ಯಾವಾಗಲೂ ಮುಳುಗಿಸುತ್ತಿತ್ತು.

ಜಿಲ್ಲಾ ಅಧಿಕಾರಿಗಳು ಕೂಗಾಡುವವರಲ್ಲ, ಅದೇ ಕಷ್ಟ. ಅವರು ಮೆಲ್ಲಗೆ ಹೇಳಿದರು, “ಇದು ಬಂದು ಒಂದು ವರ್ಷವಾಯ್ತು. ಒಂದು ಜೀವ ಉಳಿಸಿಲ್ಲ. ಈ ಮಳೆಗಾಲದಲ್ಲೂ ಉಪಯೋಗಕ್ಕೆ ಬರದಿದ್ರೆ ವಾಪಸ್ ತಗೋತೀನಿ. ಬೇಕು ಅನ್ನೋ ಠಾಣೆಗಳಿವೆ.”

ಅವರು ಹೋದಮೇಲೆ ನಾನು ಬೋಟಿನ ಅಂಚಿನ ಮೇಲೆ ಕೂತೇ ಇದ್ದೆ. ಪೀಡೆ ತೊಲಗಿತು ಎಂದು ಸಂತೋಷವಾಗಬೇಕಿತ್ತು, ಆಗಲಿಲ್ಲ. ಬಂಡೆಯ ಮೇಲೆ ನಿಂತಿದ್ದ ಆ ಮನುಷ್ಯ ಕಣ್ಣ ಮುಂದೆ ಬಂದ. ಅವನಿಗೆ ಬೇಕಾಗಿದ್ದದ್ದು ಇದೇ ಅಲ್ಲವೇ? ನಾವು ಕೇಳಬೇಕಾಗಿದ್ದದ್ದು ಬೋಟು, ಕೇಳಲು ಹೊರಟದ್ದು ಬೂಟು, ಕೈ ಬರೆದದ್ದು ಮಾತ್ರ ಬೋಟು. ತಲೆಗೆ ಹೊಳೆಯದ್ದು ಕೈಗೆ ಹೊಳೆದಿತ್ತು. ಇದು ಇಲ್ಲಿಂದ ಹೋಗಬಾರದು ಎಂದು ಅವತ್ತು ನಿಶ್ಚಯ ಮಾಡಿದೆ.

ಆಲೂರು ಕಡೆಯ ಹಿನ್ನೀರಿನಲ್ಲಿ ಮೀನು ಹಿಡಿಯುವ ತಿಮ್ಮಣ್ಣ ಎಂಬವರು ನನಗೆ ದೂರದ ಪರಿಚಯ. ಭಾನುವಾರಗಳಲ್ಲಿ ಅವರ ಹತ್ತಿರ ಹುಟ್ಟು ಹಾಕುವುದನ್ನು ಕಲಿತೆ. “ನೀರಿಗೆ ಹೊಡೀಬ್ಯಾಡಿ ಸ್ವಾಮಿ, ಅದೇನ್ ಮಾಡೈತೆ ನಿಮ್ಗೆ? ಮೆಲ್ಲುಕ್ ತಳ್ಳಿ,” ಎಂದು ಬೈಯುತ್ತಿದ್ದರು. ಐವತ್ತು ದಾಟಿದ ಮೇಲೆ ಸೊಂಟಕ್ಕೆ ಎರಡು ಖಾಲಿ ಕ್ಯಾನು ಕಟ್ಟಿಕೊಂಡು ಈಜು ಕಲಿತೆ. ದಡದಲ್ಲಿ ಬಟ್ಟೆ ಒಗೆಯುವ ಹೆಂಗಸರು ಸೆರಗು ಬಾಯಿಗೆ ತುರುಕಿಕೊಂಡು ನಗುತ್ತಿದ್ದರು. ಕಲಿತದ್ದನ್ನು ಬಂದು ಗಿರೀಶನಿಗೂ ಉಳಿದವರಿಗೂ ಕಲಿಸಿದೆ. ಬೋಟಿಗೂ ಹೊಸ ಯೋಗ ಬಂತು. ಅದರ ಮೇಲೆ ಮಲಗುವುದು ಬಂದ್. ವಾರಕ್ಕೊಮ್ಮೆ ಒರೆಸುವುದು, ಇಲಿ ಕಡಿಯದಂತೆ ಮೇಲೆ ನೇತುಹಾಕುವುದು. ಗಾಳಿ ತುಂಬುವ ಬಾಯಿ ಸಣ್ಣಗೆ ಸೋರುತ್ತಿತ್ತು. ಗಾಳಿ ತುಂಬಿದ ಮೇಲೆ ಅದಕ್ಕೆ ಗಟ್ಟಿ ಅಂಟು ಬಳಿದು ಬಿಗಿಯುವ ಪದ್ಧತಿ ಮಾಡಿದೆ. ನನ್ನ ಹೆಂಡತಿಯ ಮೇಲೂ ಇಷ್ಟು ಗಮನ ಇಟ್ಟವನಲ್ಲ, ಅದನ್ನು ಅವಳೇ ಹೇಳಿದಳು.

ಮಳೆಗಾಲ ಶುರುವಾಯಿತು. ಈಗ ಹೇಳಲು ನಾಚಿಕೆಯಾಗುತ್ತದೆ, ಯಾರಾದರೂ ಸ್ವಲ್ಪ ಮುಳುಗಲಿ ಎಂದು ನನಗೆ ಒಳಗೊಳಗೇ ಆಸೆ. ಪೂರ್ತಿ ಅಲ್ಲ, ಸೊಂಟದವರೆಗೆ ಸಾಕು. ಫೋನ್ ಬಂದರೆ ಓಡಿಹೋಗಿ ಎತ್ತುತ್ತಿದ್ದೆ. ಮರ ಬಿದ್ದಿದೆ ಎನ್ನುತ್ತಿದ್ದರು. ಆ ವರ್ಷ ಜನ ಎಂದಿಲ್ಲದ ಎಚ್ಚರಿಕೆಯಿಂದ ಬದುಕಿದರು. ಮಳೆಗಾಲದ ಕೊನೆಗೆ ಆದೇಶ ಬಂದೇಬಿಟ್ಟಿತು. ‘ಸದರಿ ಬೋಟನ್ನು ಸೋಮವಾರ ಬೆಳಿಗ್ಗೆ ಸುಸ್ಥಿತಿಯಲ್ಲಿ ಜಿಲ್ಲಾ ಕಚೇರಿಗೆ ಒಪ್ಪಿಸತಕ್ಕದ್ದು.’ ಶುಕ್ರವಾರ ನಾನೇ ಅದನ್ನು ಒರೆಸಿ, ಮಡಿಸಿ, ಗೋಣಿಪಟ್ಟೆಯಲ್ಲಿ ಹೊಲಿದಿಟ್ಟೆ. ಖಾದರ್ ಅವತ್ತು ಬೂಟು ಎನ್ನಲಿಲ್ಲ.

ಶನಿವಾರ ಬೆಳಿಗ್ಗೆ ಹೊಂಗಡಹಳ್ಳದ ಕಡೆಯಿಂದ ಫೋನ್ ಬಂತು. ಎರಡು ದಿನದಿಂದ ಬಿಡದೆ ಹೊಯ್ದ ಮಳೆಗೆ ಗುಡ್ಡದ ಮಣ್ಣು ಜಾರಿ, ಹಳ್ಳ ದಿಕ್ಕು ಬದಲಿಸಿ, ಒಂದು ಎಸ್ಟೇಟಿನ ಕೂಲಿ ಲೈನಿನ, ಅಂದರೆ ಕೂಲಿಯವರ ಸಾಲುಮನೆಯ, ಸುತ್ತ ನುಗ್ಗಿದೆ. ನಾಲ್ಕು ಜನ ಲೈನಿನ ಜಗಲಿಯ ಮೇಲೆ ಸಿಕ್ಕಿಕೊಂಡಿದ್ದಾರೆ, ಒಂದು ಕಡೆಯ ಗೋಡೆ ಆಗಲೇ ಕುಸಿದಿದೆ.

ನಂಜುಂಡಪ್ಪ ಸಾಹೇಬರು ಹೊಲಿದಿಟ್ಟ ಗೋಣಿಯನ್ನೂ ನನ್ನನ್ನೂ ನೋಡಿದರು. “ಕೊಯ್ರಿ ಹೊಲಿಗೆನ,” ಎಂದರು. “ಸೋಮವಾರದ್ದು ಸೋಮವಾರ ನೋಡೋಣ.”

ಖಾದರ್ ಜೀಪು ಓಡಿಸಿದ ರೀತಿಯನ್ನು ಇಲ್ಲಿ ಬರೆಯುವುದಿಲ್ಲ, ಅವನಿಗೆ ಇನ್ನೂ ಲೈಸೆನ್ಸ್ ಬೇಕು. ಹೋಗಿ ನೋಡಿದರೆ ದಡಕ್ಕೂ ಲೈನಿಗೂ ನಡುವೆ ಕೆಂಪು ನೀರು, ಮರದ ದಿಮ್ಮಿ ತೇಲಿಸಿಕೊಂಡು ಓಡುತ್ತಿತ್ತು. ಸ್ವಲ್ಪ ಕೆಳಗೆ ಹಳ್ಳಕ್ಕೆ ಅಡ್ಡಲಾಗಿ ನಡೆದು ದಾಟಲು ಹಾಕಿದ ಒಂದು ಕಾಲುಸಂಕ, ನೀರು ಅದರ ಹಲಗೆಗೆ ಒಂದೂವರೆ ಅಡಿ ಹತ್ತಿರಕ್ಕೆ ಬಂದಿತ್ತು. ಪಂಪು ತುಳಿದು, ಗಾಳಿ ತುಂಬಿ, ಪದ್ಧತಿಯ ಪ್ರಕಾರ ಅಂಟು ಬಳಿದು, ನಾನೂ ಗಿರೀಶನೂ ಹತ್ತಿದೆವು. ತಿಮ್ಮಣ್ಣ ಹೇಳಿದಂತೆ ನೀರಿಗೆ ಹೊಡೆಯದೆ ತಳ್ಳಿದೆವು. ಬೋಟು ಸುತ್ತಲಿಲ್ಲ. ನೆಟ್ಟಗೆ ಹೋಗಿ ಜಗಲಿಗೆ ಮುಟ್ಟಿತು. ನನಗೆ ಕಣ್ಣಲ್ಲಿ ನೀರು ಬಂತು.

ಅಲ್ಲಿದ್ದವರು ಗೌರಮ್ಮ ಎಂಬ ಅಜ್ಜಿ, ಅವರ ಮಗಳು ಲಕ್ಷ್ಮಿ, ಅಳಿಯ ಮಂಜ, ಇವರನ್ನು ಕರೆತರಲು ಬಂದು ತಾನೂ ಸಿಕ್ಕಿಕೊಂಡ, ಎಸ್ಟೇಟಿನ ಲೆಕ್ಕ ಬರೆಯುವ ರೈಟರ್. ರೈಟರ ಕೈಯಲ್ಲಿ ಚೂಪು ತುದಿಯ ಕೊಡೆ. ಮಂಜನ ಸೊಂಟದಲ್ಲಿ ಕತ್ತಿ. ಅಜ್ಜಿಯ ಕಂಕುಳಲ್ಲಿ ಬುಟ್ಟಿ, ಬುಟ್ಟಿಯಲ್ಲಿ ಕಾವಿಗೆ ಕೂತ ಕೋಳಿ, ಕೋಳಿಯ ಕೆಳಗೆ ಮೊಟ್ಟೆ. ನನಗೆ ಕಂಡದ್ದು ಮನುಷ್ಯರಲ್ಲ, ಕೊಡೆಯ ತುದಿ, ಕತ್ತಿಯ ಅಲಗು, ಕೋಳಿಯ ಉಗುರು. ಸೋಮವಾರ ಸುಸ್ಥಿತಿಯಲ್ಲಿ ಒಪ್ಪಿಸಬೇಕಾದ ಬೋಟು ಇದು.

“ಚೂಪಾಗಿರೋದೆಲ್ಲ ಇಲ್ಲೇ ಬಿಡಿ!” ಎಂದೆ. “ರಬ್ಬರ್ ಕಣ್ರೀ ಇದು!”

“ಕತ್ತಿ ಬುಟ್ಟು ಬರಕಿಲ್ಲ ಸಾರ್,” ಎಂದ ಮಂಜ. “ಬೆಳಿಗ್ಗೆ ಆದ್ರೆ ಕತ್ತಿ ಇಲ್ದೆ ನಂಗೆ ಕೈಯೇ ಇಲ್ಲ.”

“ಕೋಳಿ ಎಬ್ಬಿಸ್ಬುಟ್ರೆ ಮೊಟ್ಟೆ ಕೆಟ್ಟೋಯ್ತವೆ ಕಣಪ್ಪ,” ಎಂದರು ಗೌರಮ್ಮ. “ಇನ್ನು ಮೂರ್ ದಿನ ಐತೆ ಅಷ್ಟೆ. ನೀವ್ ಬೇಕಾದ್ರೆ ಮೂರ್ ದಿನ ಬುಟ್ಟು ಬನ್ನಿ.”

ಅಷ್ಟರಲ್ಲಿ ಹಿಂದಿನ ಗೋಡೆ ದೊಪ್ಪೆಂದು ನೀರಿಗೆ ಬಿತ್ತು. ಕೊಡೆ, ಕತ್ತಿ, ಕೋಳಿ ಎಲ್ಲವೂ ಹತ್ತಿದವು. ರೈಟರು ಬೋಟಿನಲ್ಲಿ ಕೂತ ತಕ್ಷಣ ಅಭ್ಯಾಸಬಲದಿಂದ ಕೊಡೆ ಬಿಚ್ಚಿದರು, ಗಾಳಿಗೆ ಅದು ಪಟದ ಹಾಗೆ ಉಬ್ಬಿ ಬೋಟನ್ನು ನಾವು ಹೋಗಬೇಕಾದ ಕಡೆ ಬಿಟ್ಟು ಕಾಲುಸಂಕದ ಕಡೆಗೆ ತಿರುಗಿಸಿತು. “ಮಡಚ್ರೀ ಅದನ್ನ!” ಎಂದು ನಾನೂ ಗಿರೀಶನೂ ಒಟ್ಟಿಗೆ ಕೂಗಿದೆವು. ಮಡಚಿದರು, ಆದರೆ ಹೊತ್ತು ಮೀರಿತ್ತು. ಸೆಳವು ನಮ್ಮನ್ನು ಹಿಡಿದಿತ್ತು.

ಬೋಟಿನ ಮೂತಿ ಸಂಕದ ಹಲಗೆಗೆ ಹೋಗಿ ಬಡಿದು ಸಿಕ್ಕಿಕೊಂಡಿತು. ಮುಂದಿನ ಕೊಳವೆ ಒಂದು ಗೇಣು ಎತ್ತರ ಹೆಚ್ಚಾಗಿ ಅಡಿಯಲ್ಲಿ ನುಸುಳಲೊಲ್ಲದು. ಹಿಂದಿನಿಂದ ನೀರು ಒತ್ತುತ್ತಾ ಬೋಟಿನ ಹಿಂಬದಿಯ ಮೇಲೆ ಹತ್ತತೊಡಗಿತು. ಇನ್ನೊಂದು ನಿಮಿಷ ಹಾಗೇ ಇದ್ದರೆ ಮಗುಚಿ ಆರೂ ಜನ ಸಂಕದ ಅಡಿಯಲ್ಲಿ ಸಿಕ್ಕಿಕೊಳ್ಳುತ್ತಿದ್ದೆವು. ಸಂಕದ ಆಚೆ ಹಳ್ಳ ತಿರುಗುವ ಕಡೆ ನೀರು ನಿಧಾನವಾಗಿತ್ತು, ಖಾದರ್ ಮತ್ತು ಊರಿನವರು ಅಲ್ಲಿಗೆ ಓಡುತ್ತಿದ್ದದ್ದು ಕಾಣಿಸಿತು. ಅಲ್ಲಿಗೆ ಮುಟ್ಟಿದರೆ ಬದುಕಿದೆವು.

ಮುಂದಿನ ಕೊಳವೆಯ ಗಾಳಿ ಬಿಡಲು ಅದರ ಬಾಯಿಯ ಮುಚ್ಚಳ ತಿರುಗಿಸಿದೆ. ತಿರುಗಲಿಲ್ಲ. ನನ್ನದೇ ಅಂಟು, ಒಳ್ಳೆಯ ಅಂಟು. ಹಲ್ಲಿನಿಂದ ಕಚ್ಚಿದೆ, ಅದೂ ಆಗಲಿಲ್ಲ. ಗೌರಮ್ಮ ನನ್ನನ್ನೇ ನೋಡುತ್ತಿದ್ದರು, ಎರಡೂ ಕೈ ಬುಟ್ಟಿಯ ಮೇಲೆ. ಆ ಬಂಡೆಯ ಮೇಲಿನವನು ಕೂಡ ಹಾಗೇ ನನ್ನನ್ನು ನೋಡಿದ್ದ.

“ಮಂಜ, ಕತ್ತಿ ಕೊಡು,” ಎಂದೆ.

ವಾರವಾರ ಒರೆಸಿ, ನೇತುಹಾಕಿ, ಇಲಿಯಿಂದ ಕಾದ ಬೋಟಿನ ಮೂತಿಯನ್ನು ಈ ಕಡೆಯಿಂದ ಆ ಕಡೆಯವರೆಗೆ ಒಂದೇ ಏಟಿಗೆ ಸೀಳಿದೆ. ಅದು ಎಮ್ಮೆ ಉಸಿರುಬಿಟ್ಟಂತೆ ದೊಡ್ಡ ಸದ್ದು ಮಾಡಿ ಕುಸಿಯಿತು. “ಮಲಗಿ ಎಲ್ಲಾ!” ಎಂದು ಕೂಗಿದೆ. ಗೌರಮ್ಮ ಕೋಳಿಯ ಮೇಲೆ, ಲಕ್ಷ್ಮಿ ಗೌರಮ್ಮನ ಮೇಲೆ, ರೈಟರು ಎಲ್ಲರ ಮೇಲೆ ಬಿದ್ದರು. ಬೋಟು ಸಂಕದ ಅಡಿಯಲ್ಲಿ ಜಾರಿತು. ಹಲಗೆ ನನ್ನ ಬೆನ್ನು ಸವರಿಕೊಂಡು ಹೋಯಿತು. ಬೆಳಕು ಬಂದಾಗ ಉಳಿದೆರಡು ಕೊಳವೆಯ ಮೇಲೆ ಸೊಂಟದವರೆಗೆ ನೀರಿನಲ್ಲಿ ಕೂತು ತೇಲುತ್ತಿದ್ದೆವು. ತಿರುವಿನಲ್ಲಿ ಖಾದರ್ ಎದೆಮಟ್ಟ ನೀರಿಗಿಳಿದು, ಹಿಂದೆ ಊರಿನವರು ಒಬ್ಬರ ಕೈ ಒಬ್ಬರು ಹಿಡಿದು ಸಾಲಾಗಿ ನಿಂತಿದ್ದರು. ಎಳೆದು ದಡಕ್ಕೆ ಹಾಕಿದರು.

ನಾಲ್ಕು ಜನಕ್ಕೂ ಏನೂ ಆಗಿರಲಿಲ್ಲ. ಮೂರು ಮೊಟ್ಟೆ ಒಡೆದಿದ್ದವು, ಅದಕ್ಕೆ ಗೌರಮ್ಮ ರೈಟರನ್ನು ಬೈದರು. ಖಾದರ್ ಬಂದು ಸೀಳಿದ ರಬ್ಬರನ್ನು ಮುಟ್ಟಿ ನೋಡಿ, “ಇದು ಪಂಕ್ಚರ್ ಅಲ್ಲ ಮಾರಾಯ, ಇದು ಬೈಪಾಸ್ ಆಪರೇಷನ್ನು,” ಎಂದ. ನಾನು ದಡದ ಕೆಸರಿನಲ್ಲಿ ಕೂತು ನಗಲು ಶುರುಮಾಡಿ ಅಳತೊಡಗಿದೆ. ಗಿರೀಶ ಬಂದು ಪಕ್ಕದಲ್ಲಿ ಕೂತ.

ಸೋಮವಾರ ನಾನೂ ಖಾದರೂ ಆ ಚಿಂದಿಯನ್ನು ಒರೆಸಿ, ಮಡಿಸಿ, ಗೋಣಿಯಲ್ಲಿ ಸುತ್ತಿ, ಜೀಪಿನಲ್ಲಿ ಹಾಸನಕ್ಕೆ ತಗೊಂಡು ಹೋದೆವು. ನಂಜುಂಡಪ್ಪ ಸಾಹೇಬರು ತಾವೂ ಬರುತ್ತೇನೆಂದರು, ನಾನೇ ಬೇಡ ಎಂದೆ. ಕೆಲಸ ಹೋದರೆ ಒಬ್ಬನದು ಹೋಗಲಿ. ಕಚೇರಿಯ ಶೆಡ್ಡಿನ ಬಾಗಿಲಲ್ಲಿ ಬಿಚ್ಚದ ಪೆಟ್ಟಿಗೆಯಲ್ಲಿ ಹೊಸದೊಂದು ಬೋಟು ಇತ್ತು. ಯಾವುದೋ ಅದೃಷ್ಟವಂತ ಠಾಣೆಗೆ ಹೋಗುವುದು ಎಂದುಕೊಂಡು ಒಳಗೆ ಹೋದೆ.

ಜಿಲ್ಲಾ ಅಧಿಕಾರಿಗಳು ನೆಲದ ಮೇಲೆ ಹರಡಿದ ರಬ್ಬರನ್ನು ಬಗ್ಗಿ ನೋಡಿದರು. ಸೀಳಿನ ಉದ್ದಕ್ಕೂ ಬೆರಳಾಡಿಸಿದರು.

“ಸುಸ್ಥಿತಿ ಅಂತ ಬರೆದಿದ್ದೆ.”

“ಹೌದು ಸರ್.”

“ಯಾರು ಕೊಯ್ದದ್ದು?”

“ನಾನೇ ಸರ್.” ನಡೆದದ್ದನ್ನೆಲ್ಲ ಹೇಳಿದೆ. ಕೋಳಿಯ ವಿಷಯ ಬಿಡಬೇಕೆಂದಿದ್ದೆ, ಅದೂ ಬಾಯಿಂದ ಬಂದುಬಿಟ್ಟಿತು. ಅವರು ನಗಲಿಲ್ಲ. ಹೋಗಿ ಕುರ್ಚಿಯಲ್ಲಿ ಕೂತರು.

“ಇನ್ನೊಂದು ಬೋಟ್ ಕೊಟ್ರೆ ಅದನ್ನೂ ಹೀಗೇ ಕೊಯ್ತೀರೇನ್ರೀ?”

ಇಲ್ಲ ಸರ್, ಜೋಪಾನ ಮಾಡ್ತೀನಿ ಸರ್ ಎನ್ನುವುದು ನಾಲಿಗೆಯ ತುದಿಯವರೆಗೆ ಬಂತು. ಇಪ್ಪತ್ತೆಂಟು ವರ್ಷದ ಸೇವೆಯಲ್ಲಿ ಮೇಲಿನವರಿಗೆ ನಾನು ಕೊಟ್ಟ ಉತ್ತರಗಳೆಲ್ಲ ಅಂಥವೇ. ಆದರೆ ಅವತ್ತು ಆಗಲಿಲ್ಲ.

“ಒಳಗೆ ಜನ ಇದ್ರೆ ಕೊಯ್ತೀನಿ ಸರ್.”

ಅವರು ಎದ್ದು ನಿಂತರು. “ಜೀಪ್ ತಂದಿದ್ದೀರಾ?”

“ತಂದಿದ್ದೀವಿ ಸರ್.”

“ಹಾಗಾದ್ರೆ ಶೆಡ್ಡಲ್ಲಿರೋ ಆ ಹೊಸದನ್ನ ಹಾಕ್ಕೊಂಡು ಹೊರಡಿ,” ಎಂದರು. “ಜೋಪಾನವಾಗಿ ಇಟ್ಕೊಳ್ಳೋರು ನಂಗೆ ಬೇಕಾದಷ್ಟು ಜನ ಇದ್ದಾರೆ.”